ಸೆರೆಯಾಳೇ ಸೇನಾನಿಯಾಗಿ ಬಂದಾಗ

ಪ್ರಶ್ನೆ: ಶ್ರೀರಂಗಪಟ್ಟಣದ ಸೆರೆಯಲ್ಲಿದ್ದ ಬ್ರಿಟಿಷ್ ಅಧಿಕಾರಿಯೇ ಮುಂದೆ ಆ ಕೋಟೆಯ ಮೇಲೆ ದಾಳಿ ನಡೆಸಿದನಂತೆ, ನಿಜವೇ?
– ಓದುಗರೊಬ್ಬರು, ಮಂಡ್ಯ

ಉತ್ತರ: ನಿಜ. ಹೆಸರು ಡೇವಿಡ್ ಬೇರ್ಡ್, ಸ್ಕಾಟ್ಲೆಂಡಿನವನು, ಆರಡಿ ಮೀರಿದ ಆಳು. 1780ರ ಸೆಪ್ಟೆಂಬರ್ 10ರಂದು ಕಾಂಚೀಪುರದ ಬಳಿಯ ಪೊಲ್ಲಿಲೂರಿನಲ್ಲಿ ಹೈದರ್ ಮತ್ತು ಟಿಪ್ಪುವಿನ ಸೇನೆ ಬ್ರಿಟಿಷ್ ಕರ್ನಲ್ ಬೇಲಿಯ ಪಡೆಯನ್ನು ನುಚ್ಚುನೂರು ಮಾಡಿತಲ್ಲ, ಗಾಯಗೊಂಡ ಬೇರ್ಡ್ ಅಲ್ಲೇ ಸಿಕ್ಕಿಬಿದ್ದ. ಕಾಲಿಗೆ ಸಂಕೋಲೆ, ಮೂರೂವರೆ ವರ್ಷ ಸೆರೆವಾಸ. ಸೆರೆಯಾಳುಗಳನ್ನು ಜೋಡಿಜೋಡಿಯಾಗಿ ಬಿಗಿದಿದ್ದಾರೆಂಬ ಸುದ್ದಿ ಕೇಳಿ ಅವನ ತಾಯಿ, 'ನಮ್ಮ ಡೇವಿಯ ಜೊತೆಗಿರುವವನ ಪಾಡು ಯಾರಿಗೂ ಬೇಡ' ಎಂದಳಂತೆ. ಮಗನ ಮುಂಗೋಪ ಹೆತ್ತವಳಿಗಲ್ಲದೆ ಇನ್ನಾರಿಗೆ ಗೊತ್ತು! ಟಿಪ್ಪುವಿಗೂ ಬ್ರಿಟಿಷರಿಗೂ ಆದ 1784ರ ಮಂಗಳೂರು ಒಪ್ಪಂದದಿಂದ ಬಿಡುಗಡೆಯಾಯಿತು.

1799ರ ಮೇ 4ರ ಮಧ್ಯಾಹ್ನ ಕಾವೇರಿ ದಾಟಿ ಕೋಟೆಗೆ ನುಗ್ಗಿದ ಪಡೆಗೆ ಅವನೇ ಮುಂದಾಳು. ತಾನಾಗಿ ಕೇಳಿ ಪಡೆದ ಹೊಣೆ. ಟಿಪ್ಪು ಅಂದೇ ಹೋರಾಡುತ್ತ ಮಡಿದ. ಆದರೆ ಪಟ್ಟಣದ ಆಡಳಿತ ಸಿಕ್ಕಿದ್ದು ಗವರ್ನರ್ ಜನರಲ್‌ನ ತಮ್ಮ ಆರ್ಥರ್ ವೆಲ್ಲೆಸ್ಲಿಗೆ. ಬೇರ್ಡ್ ಕೆಂಡವಾದ. ಅವನ ಸಿಟ್ಟಿನಲ್ಲಿ ತಪ್ಪೇನೂ ನನಗೆ ಕಾಣದು.

ಆಮೇಲೆ ಈಜಿಪ್ಟ್ ದಂಡಯಾತ್ರೆ, 1806ರಲ್ಲಿ ದಕ್ಷಿಣ ಆಫ್ರಿಕಾದ ಕೇಪ್ ವಸಾಹತು ವಶ, 1809ರಲ್ಲಿ ಸ್ಪೇನಿನ ಕೊರುನ್ನಾದಲ್ಲಿ ಎಡಗೈ ನಷ್ಟ. ತೀರಿಕೊಂಡದ್ದು 1829ರಲ್ಲಿ.