ಪಸೇಯಿಕ್‌ನ ಗೃಹಿಣಿ ಕಟ್ಟಿದ ರೆಕಾರ್ಡ್ ಕಂಪೆನಿ

ತಂಗೀ,

ನಿನ್ನ ಪತ್ರ ಓದಿದೆ. ಬದಿಯಡ್ಕದಿಂದ ಮದುವೆಯಾಗಿ ಅಮೆರಿಕಕ್ಕೆ ಬಂದು ನ್ಯೂಜೆರ್ಸಿಯ ಕ್ಲಿಫ್ಟನ್‌ನಲ್ಲಿ ಸಂಸಾರ ಹೂಡಿದ್ದೀ. ಗಂಡನ ಕೆಲಸದ ವೀಸಾದ ಆಧಾರದಲ್ಲಿ ಹೆಂಡತಿಗೆ ಸಿಗುವ ಎಚ್-4 ವೀಸಾ, ಕೆಲಸಕ್ಕೆ ಸೇರುವ ಹಾಗಿಲ್ಲ. ಊರಲ್ಲಿ ಎಂ.ಕಾಂ. ಮುಗಿಸಿ, ಅಪ್ಪ ಕೂಡಿಟ್ಟಿದ್ದ ತಾಳಮದ್ದಳೆ ಕ್ಯಾಸೆಟ್‌ಗಳನ್ನು ಒಂದೊಂದಾಗಿ ಕಂಪ್ಯೂಟರಿಗೆ ಇಳಿಸುತ್ತಿದ್ದವಳು ನೀನು. "ಅಕ್ಕಾ, ಇಲ್ಲಿನ ಬದುಕು ಅಂದರೆ ಅಡುಗೆ ಮಾಡಿ ಗಂಡನ ದಾರಿ ಕಾಯುವುದು ಇಷ್ಟೆಯಾ? ಹಾಡಲು ಬಾರದ, ಇಂಗ್ಲಿಷ್ ಮಾತಾಡುವಾಗ ತಡವರಿಸುವ ನನ್ನಂಥವಳಿಗೆ ನಿಮ್ಮ ಹಾಗೆ ಮ್ಯೂಸಿಕ್ ಕಂಪೆನಿಯಲ್ಲಿ ಕೆಲಸ ಸಿಗುವುದುಂಟಾ?" ಎಂದು ಕೇಳಿದ್ದೀ.

ಸಿಗುವುದುಂಟು. ಆದರೆ ಮೊದಲು ವೀಸಾದ ಮಾತು ಮುಗಿಸಿಬಿಡುತ್ತೇನೆ. ನಿನ್ನ ಗಂಡನ ಗ್ರೀನ್ ಕಾರ್ಡ್ ಹಾದಿಯಲ್ಲಿ ಅವನ ಕಂಪೆನಿ ಹಾಕುವ ಐ-140 ಎಂಬ ಅರ್ಜಿ ಮಂಜೂರಾದರೆ ನೀನು ಕೆಲಸದ ಪರವಾನಗಿಗೆ ಅರ್ಜಿ ಹಾಕಬಹುದು. 2015ರಿಂದ ಆ ಅನುಕೂಲ ಬಂದಿದೆ. ಅಲ್ಲಿಯವರೆಗೆ ಯಾರು ಎಷ್ಟೇ ಒತ್ತಾಯಿಸಿದರೂ ಸಂಬಳದ ಕೆಲಸ ಮುಟ್ಟಬೇಡ. "ಕ್ಯಾಶ್ ಕೊಡ್ತೇವೆ, ಯಾರಿಗೂ ಗೊತ್ತಾಗುವುದಿಲ್ಲ" ಎನ್ನುವವರು ನಮ್ಮವರಲ್ಲೇ ಸಿಗುತ್ತಾರೆ. ಅಂಥವರಿಂದ ದೂರ ಇರು. ಓದುವುದಕ್ಕೆ ಮಾತ್ರ ಎಚ್-4ನಲ್ಲಿ ಅಡ್ಡಿಯಿಲ್ಲ. ಪಸೇಯಿಕ್ ಕೌಂಟಿ ಕಮ್ಯುನಿಟಿ ಕಾಲೇಜು ನಿನಗೆ ದೂರವಲ್ಲ.

ಪಸೇಯಿಕ್ ಅಂದೆನಲ್ಲ, ನಿನ್ನ ಮನೆಯ ಪಕ್ಕದ ಊರು. ಅಲ್ಲಿ ಫ್ಲಾರೆನ್ಸ್ ಗ್ರೀನ್‌ಬರ್ಗ್ ಎಂಬ ಹೆಂಗಸು ಇದ್ದರು. ಹುಟ್ಟಿದ್ದು 1913ರಲ್ಲಿ, ನ್ಯೂಯಾರ್ಕಿನಲ್ಲಿ. ಮದುವೆಯಾಗಿ ಪಸೇಯಿಕ್‌ನಲ್ಲಿ ನೆಲೆಸಿ ಇಬ್ಬರು ಮಕ್ಕಳನ್ನು ಸಾಕಿದರು. ನಲವತ್ತು ದಾಟುವವರೆಗೆ ಗೃಹಿಣಿ. ಹಾಡುಗಾರ್ತಿಯೂ ಅಲ್ಲ, ವಾದ್ಯ ನುಡಿಸಿದವರೂ ಅಲ್ಲ. ಸ್ವರ ಹಿಡಿದು ಹಾಡಲು ತನಗೆ ಬರುವುದಿಲ್ಲ ಎಂದು ಆಕೆಯೇ ಹೇಳಿಕೊಂಡಿದ್ದರು. ನಿನ್ನ ಪತ್ರ ಓದುವಾಗ ನನಗೆ ಮೊದಲು ನೆನಪಾದದ್ದು ಅವರೇ.

ಮಕ್ಕಳು ಬೆಳೆದು ಮನೆಯಲ್ಲಿ ಹೊತ್ತು ಹೋಗದಾದಾಗ ಅವರು ಮ್ಯಾನ್‌ಹಾಟನ್‌ನ ಬ್ರಾಡ್‌ವೇ ಕಡೆಗೆ ಹೋಗತೊಡಗಿದರು. ಹಾಡು ಬರೆಯುವವರು, ಮಾರುವವರು, ರೆಕಾರ್ಡ್ ಮಾಡುವವರೆಲ್ಲ ಅಕ್ಕಪಕ್ಕದ ಕಟ್ಟಡಗಳಲ್ಲೇ ಇದ್ದ ಕಾಲ ಅದು. ಅಲ್ಲಿ ಕೂತು ಕೇಳಿದರು, ಯಾರು ಯಾರಿಗೆ ಏನು ಕೊಡುತ್ತಾರೆ ಎಂದು ನೋಡಿದರು. ಅಷ್ಟರಲ್ಲಿ ಮಗಳು ಮೇರಿ ಜೇನ್, ತನ್ನ ಹೈಸ್ಕೂಲಿನ ನಾಲ್ವರು ಕಪ್ಪು ಹುಡುಗಿಯರು ಶಾಲೆಯ ಕಾರ್ಯಕ್ರಮದಲ್ಲಿ ಹಾಡಿದ್ದನ್ನು ಕೇಳಿ ಬಂದು "ಅಮ್ಮಾ, ಇವರನ್ನು ಕೇಳು" ಎಂದು ಬೆನ್ನುಹತ್ತಿದಳು. ಹುಡುಗಿಯರು ತಪ್ಪಿಸಿಕೊಂಡು ತಿರುಗಿದರು, ಮಗಳು ಬಿಡಲಿಲ್ಲ. ಕೊನೆಗೆ ಗ್ರೀನ್‌ಬರ್ಗ್ ಮನೆಯ ಚಾವಡಿಯಲ್ಲಿ ನಿಂತು, ತಾವೇ ಕಟ್ಟಿದ ಒಂದು ಹಾಡು ಹಾಡಿದರು. ಮುಂದೆ ಶಿರೆಲ್ಸ್ ಎಂದು ಹೆಸರಾದ ತಂಡ ಅದು.

ಆ ಹಾಡಿಗಾಗಿಯೇ ಅವರು ಟಿಯಾರಾ ಎಂಬ ಪುಟ್ಟ ಕಂಪೆನಿ ಮಾಡಿದರು. 1958ರಲ್ಲಿ ಹಾಡು ಓಡಿತು. ಡೆಕ್ಕಾ ಎಂಬ ದೊಡ್ಡ ಕಂಪೆನಿ ಬಂದು ಟಿಯಾರಾವನ್ನೂ ಹುಡುಗಿಯರ ಒಪ್ಪಂದವನ್ನೂ 4,000 ಡಾಲರಿಗೆ ಕೊಂಡುಕೊಂಡಿತು. ಡೆಕ್ಕಾದಲ್ಲಿ ಮುಂದಿನ ಹಾಡುಗಳು ಏಳಲಿಲ್ಲ. ಕಂಪೆನಿ ಕೈಬಿಟ್ಟ ಹುಡುಗಿಯರನ್ನು ಆಕೆ ಮತ್ತೆ ಕರೆದುಕೊಂಡು 1959ರಲ್ಲಿ ಸೆಪ್ಟರ್ ರೆಕಾರ್ಡ್ಸ್ ತೆರೆದರು. ಲೂಥರ್ ಡಿಕ್ಸನ್ ಎಂಬ ಕಪ್ಪು ಗೀತಕಾರ-ನಿರ್ಮಾಪಕನನ್ನು ಜೊತೆಗೆ ತಂದುಕೊಂಡರು. 1961ರ ಜನವರಿಯಲ್ಲಿ ಶಿರೆಲ್ಸ್‌ನ 'ವಿಲ್ ಯು ಲವ್ ಮಿ ಟುಮಾರೊ' ಅಮೆರಿಕದ ಜನಪ್ರಿಯ ಹಾಡುಗಳ ಬಿಲ್‌ಬೋರ್ಡ್ ಪಟ್ಟಿಯ ಮೊದಲ ಸ್ಥಾನಕ್ಕೇರಿತು. ಕಪ್ಪು ಹುಡುಗಿಯರ ತಂಡವೊಂದು ಆ ಜಾಗ ಮುಟ್ಟಿದ್ದು ಅದೇ ಮೊದಲು. ಎರಡು ವರ್ಷ ಹಿಂದೆ ಓಡದಿದ್ದ ಅವರದೇ ಇನ್ನೊಂದು ಹಾಡನ್ನು ಆಕೆ ಅದೇ ವರ್ಷ ಮತ್ತೆ ಬಿಟ್ಟರು. ಅದು ಮೂರನೇ ಸ್ಥಾನಕ್ಕೆ ಹೋಯಿತು. ಹಾಡು ಕೆಟ್ಟದ್ದೋ, ಬಿಟ್ಟ ಹೊತ್ತು ಕೆಟ್ಟದ್ದೋ ಎಂದು ಬೇರೆ ಮಾಡಿ ತಿಳಿಯುವುದು ಈ ಉದ್ಯೋಗದಲ್ಲಿ ಅಪರೂಪದ ಬುದ್ಧಿ. ನನಗೆ ಆಕೆಯ ಮೇಲೆ ಗೌರವ ಹುಟ್ಟಿದ್ದು ಇಲ್ಲಿ.

ಆಮೇಲಿನದ್ದನ್ನು ಚುಟುಕಾಗಿ ಹೇಳುತ್ತೇನೆ. ಹೆಸರಾಂತ ಗಾಯಕಿ ಡಿಯಾನ್ ವಾರ್ವಿಕ್ ಬಂದದ್ದು ಸೆಪ್ಟರಿಗೆ. ಬಿ.ಜೆ. ಥಾಮಸ್ ಹಾಡಿದ, ಆಸ್ಕರ್ ಪಡೆದ ಮಳೆಹನಿಗಳ ಹಾಡು ಹೊರಬಂದದ್ದು ಇಲ್ಲಿಂದ. ಸೆಪ್ಟರ್ ಸ್ಟುಡಿಯೋ ಇದ್ದ 54ನೇ ಬೀದಿಯ ಕಟ್ಟಡವೇ ಮುಂದೆ ಸ್ಟುಡಿಯೋ 54 ಎಂಬ ನೈಟ್‌ಕ್ಲಬ್ಬಾಗಿ ಪ್ರಸಿದ್ಧವಾದದ್ದು. 1971ರಲ್ಲಿ ವಾರ್ವಿಕ್ ಬಿಟ್ಟುಹೋದ ಮೇಲೆ ಕಂಪೆನಿಯ ಬಲ ಕುಗ್ಗಿತು. 1976ರಲ್ಲಿ ಆಕೆ ನಿವೃತ್ತರಾದರು, 1995ರಲ್ಲಿ ತೀರಿಕೊಂಡರು.

ಇನ್ನೊಂದು ಭಾಗವನ್ನೂ ಹೇಳಬೇಕು. ನೀನು ಸೇರಬೇಕೆಂದಿರುವ ಕೆಲಸದ ಒಳಗುಟ್ಟು ಇರುವುದೇ ಅದರಲ್ಲಿ. ದುಡಿದ ಹಣ ನಮಗೆ 21 ತುಂಬಿದಾಗ ಕೈಗೆ ಬರುವಂತೆ ಟ್ರಸ್ಟಿನಲ್ಲಿ ಇದೆ ಎಂದು ಶಿರೆಲ್ಸ್ ಹುಡುಗಿಯರು ನಂಬಿದ್ದರು. ವಯಸ್ಸು ತುಂಬಿ ಕೇಳಿದಾಗ ಅಂಥ ಟ್ರಸ್ಟೇ ಇಲ್ಲ ಎಂದು ತಿಳಿಯಿತು ಎಂದರು. ಕೋರ್ಟಿಗೆ ಹೋದರು, ಕಂಪೆನಿ ಪ್ರತಿದಾವೆ ಹೂಡಿತು, 1965ರಲ್ಲಿ ರಾಜಿಯಾಯಿತು. ಆಕೆಯನ್ನು ಅಮ್ಮನಂತೆ ಕಂಡ ಹುಡುಗಿಯರು ಅವರು. ಫ್ಲಾರೆನ್ಸ್ ಅವರನ್ನು ನಾನು ತುಂಬ ಮೆಚ್ಚುತ್ತೇನೆ, ಆದರೆ ಈ ವಿಷಯದಲ್ಲಿ ನನ್ನ ಮನಸ್ಸು ಹುಡುಗಿಯರ ಪಕ್ಷ. ಲೆಕ್ಕದ ಪುಸ್ತಕ ಕಂಪೆನಿಯ ಕೈಯಲ್ಲಿ ಇತ್ತು, ಹಾಡಿದವರ ಕೈಯಲ್ಲಿ ಒಂದು ಕಾಗದವೂ ಇರಲಿಲ್ಲ.

ನನ್ನ ಮೇಜಿನ ಮೇಲೆ ಆ 'ವಿಲ್ ಯು ಲವ್ ಮಿ ಟುಮಾರೊ' ಹಾಡಿನ ಹಳೆಯ 45 ಆರ್‌ಪಿಎಂ ಗ್ರಾಮಫೋನ್ ತಟ್ಟೆಯೊಂದಿದೆ, ನಡುವೆ ದೊಡ್ಡ ತೂತು ಇರುವಂಥದ್ದು. ಅದರ ಲೇಬಲ್ ಓದುವುದನ್ನು ಕಲಿತರೆ ರಾಯಲ್ಟಿ, ಅಂದರೆ ಹಾಡಿನ ಹಕ್ಕುದಾರರಿಗೆ ಸಲ್ಲುವ ಪಾಲಿನ ಹಣ, ಅದರ ಲೆಕ್ಕದ ಕೆಲಸ ಅರ್ಧ ಬಂದ ಹಾಗೆ. ದೊಡ್ಡ ಅಕ್ಷರದಲ್ಲಿ ಸೆಪ್ಟರ್, ಅದು ಧ್ವನಿಮುದ್ರಣದ ಒಡೆಯರ ಹೆಸರು. ಬದಿಯಲ್ಲಿ 1211, ಕ್ರಮಸಂಖ್ಯೆ. ಹಾಡಿನ ಹೆಸರಿನ ಕೆಳಗೆ ಚಿಕ್ಕದಾಗಿ ಗಾಫಿನ್, ಕಿಂಗ್: ಬರೆದು ಸ್ವರ ಹಾಕಿದ ಜೋಡಿ. ಆಲ್ಡನ್ ಮ್ಯೂಸಿಕ್ ಅಂದರೆ ಪ್ರಕಾಶಕರು, ಬಿಎಂಐ ಅಂದರೆ ಅವರ ಪರವಾಗಿ ವಸೂಲಿ ಮಾಡುವ ಸಂಸ್ಥೆ. ಆಮೇಲೆ ಶಿರೆಲ್ಸ್. ಒಂದೇ ಹಾಡಿನಲ್ಲಿ ಎರಡು ಆಸ್ತಿ ಉಂಟು: ಬರೆದ ಹಾಡು ಒಂದು, ಅದರ ಧ್ವನಿಮುದ್ರಣ ಇನ್ನೊಂದು. ಇವತ್ತಿಗೂ ಅಮೆರಿಕದ ಸಾಮಾನ್ಯ ರೇಡಿಯೋದಲ್ಲಿ ಈ ಹಾಡು ಬಂದರೆ ಬರೆದವರಿಗೆ, ಪ್ರಕಾಶಕರಿಗೆ ದುಡ್ಡು ಹೋಗುತ್ತದೆ; ಹಾಡಿದವರಿಗೆ ಬಿಡಿಕಾಸೂ ಇಲ್ಲ. ಇಂಟರ್‌ನೆಟ್ ರೇಡಿಯೋ ಆದರೆ ಅವರಿಗೂ ಪಾಲುಂಟು. ಈ ವ್ಯತ್ಯಾಸಗಳನ್ನು ನೆನಪಿಟ್ಟು, ಸರಿಯಾದ ಹೆಸರಿಗೆ ಸರಿಯಾದ ಮೊತ್ತ ಹೋಗುವ ಹಾಗೆ ನೋಡಿಕೊಳ್ಳುವುದೇ ನನ್ನ ಹೊಟ್ಟೆಪಾಡು.

ನಿನ್ನ ಎಂ.ಕಾಂ. ಬೇಕಾಗುವುದು ಇಲ್ಲೇ. 2021ರಲ್ಲಿ ಇಲ್ಲಿನ ಸ್ಟ್ರೀಮಿಂಗ್ ಕಂಪೆನಿಗಳು, ಹಾಡಿನ ಹಕ್ಕುದಾರರು ಯಾರೆಂದು ಹೊಂದಿಸಲಾಗದೆ ಉಳಿದಿದ್ದ ಸುಮಾರು 42.4 ಕೋಟಿ ಡಾಲರನ್ನು ಅದಕ್ಕಾಗಿಯೇ ಹೊಸ ಕಾನೂನಿನಡಿ ಹುಟ್ಟಿದ ಸಂಸ್ಥೆಗೆ ಒಪ್ಪಿಸಿದವು. ಅಷ್ಟು ಹಣ ವಾರಸುದಾರರಿಲ್ಲದೆ ಬಿದ್ದಿತ್ತು! ಹೆಸರಿನ ಕಾಗುಣಿತ ತಪ್ಪಿದರೆ, ಇನಿಷಿಯಲ್ ಹಿಂದುಮುಂದಾದರೆ ದುಡ್ಡು ಹೀಗೆ ನಿಂತುಬಿಡುತ್ತದೆ. ನಮ್ಮ ಕಡೆಯ ಹೆಸರುಗಳ ಪಾಡಂತೂ ಕೇಳಬೇಡ. ಊರು, ಮನೆತನ, ಅಪ್ಪನ ಹೆಸರು ಯಾವುದು ಮೊದಲೋ ಯಾವುದು ಕೊನೆಯೋ, ಕಂಪ್ಯೂಟರಿಗೆ ತಿಳಿಯುವುದಿಲ್ಲ. ನಮಗೆ ತಿಳಿಯುತ್ತದೆ. ಮನೆಯಲ್ಲಿ ಒಂದು ಮಾತು, ಶಾಲೆಯಲ್ಲಿ ಕನ್ನಡ, ಪೇಟೆಯಲ್ಲಿ ತುಳು, ತಾಲೂಕು ಆಫೀಸಿನಲ್ಲಿ ಮಲಯಾಳ ಎಂದು ಬೆಳೆದ ಕಾಸರಗೋಡಿನವರ ಕಿವಿ ಇದಕ್ಕೆ ಪಳಗಿದೆ. 1956ರಲ್ಲಿ ನಮ್ಮನ್ನು ಕೇರಳಕ್ಕೆ ಸೇರಿಸಿದ ಮೇಲೆ, ಅರ್ಥವಾಗದ ಭಾಷೆಯ ಅರ್ಜಿಯನ್ನೂ ಎರಡೆರಡು ಸಲ ಓದಿ ಸಹಿ ಹಾಕುವ ಅಭ್ಯಾಸ ನಮ್ಮ ಹಿರಿಯರಿಗೆ ಬಂತು. ಅದನ್ನು ಇಲ್ಲಿಯೂ ಬಿಡಬೇಡ.

ಇಂಗ್ಲಿಷಿನ ಬಗ್ಗೆ ಅಳುಕು ಬೇಡ ಮಾರಾಯ್ತಿ. ಲೈಬ್ರರಿಗಳಲ್ಲಿ ಮಾತಾಡಿ ಕಲಿಯುವ ತರಗತಿಗಳು ಪುಕ್ಕಟೆ ಇರುತ್ತವೆ, ವಿಚಾರಿಸು. ಡ್ರೈವಿಂಗ್ ಈ ಬೇಸಗೆಯಲ್ಲೇ ಕಲಿ. ಚಳಿಗಾಲದ ಸಂಜೆ ನಾಲ್ಕೂವರೆಗೆ ಕತ್ತಲಾದಾಗ, ಕಾರಿನ ಕೀಲಿ ಕೈಯಲ್ಲಿ ಇಲ್ಲದ ಹೆಂಗಸಿಗೆ ಮನೆ ತುಂಬ ಸಣ್ಣದಾಗಿಬಿಡುತ್ತದೆ. ನಿನ್ನೂರಿನ 190 ನಂಬರ್ ಬಸ್ಸು ಪಸೇಯಿಕ್‌ನಿಂದ ನೇರ ನ್ಯೂಯಾರ್ಕಿಗೆ ಹೋಗುತ್ತದೆ. ಬಸ್ಸು ಹತ್ತಿ ಒಬ್ಬಳೇ ಹೋಗಿ ಬರುವುದನ್ನು ರೂಢಿ ಮಾಡಿಕೋ. ಕನ್ನಡ ಕೂಟಕ್ಕೂ ಹೋಗು. "ನೀವು ಕೇರಳದವರು, ಕನ್ನಡ ಹೇಗೆ ಕಲಿತಿರಿ?" ಎಂದು ಯಾರಾದರೂ ಕೇಳಿಯೇ ಕೇಳುತ್ತಾರೆ. ನನಗೆ ಈಗಲೂ ಅದು ಚುಚ್ಚುತ್ತದೆ. ಮಂಜೇಶ್ವರದ ಗೋವಿಂದ ಪೈಗಳ ಊರಿನ ಕಡೆಯವರು ಎಂದು ಸಮಾಧಾನದಿಂದ ಹೇಳು, ಮುಂದಿನ ಸಲ ಅವರೇ ಬಂದು ಮಾತಾಡಿಸುತ್ತಾರೆ.

ಇನ್ನು ಅಪ್ಪನ ಕ್ಯಾಸೆಟ್‌ಗಳು. "ಅದೆಲ್ಲ ಹಳೇ ಹುಚ್ಚು" ಎಂದು ಬರೆದಿದ್ದೀ. ಹಾಗೆ ಹೇಳಬೇಡ. ಭಾಗವತರು ಹಾಡುವ ಪದ್ಯ ಪ್ರಸಂಗ ಪುಸ್ತಕದಲ್ಲಿ ಸಿಗುತ್ತದೆ. ಕುಂಬಳೆಯ ಪಾರ್ತಿಸುಬ್ಬನ ಪದ್ಯಕ್ಕೆ ಈಗ ಯಾರ ಹಕ್ಕೂ ಇಲ್ಲ. ಆದರೆ ಪಾತ್ರವಾಗಿ ಮಾತಾಡುವ ಅರ್ಥಧಾರಿ ಆ ರಾತ್ರಿ ಕೂತಲ್ಲೇ ಕಟ್ಟಿದ ಮಾತು ಯಾವ ಪುಸ್ತಕದಲ್ಲೂ ಇಲ್ಲ, ಆ ಟೇಪಿನಲ್ಲಿ ಮಾತ್ರ ಇದೆ. ಅದು ಆ ಕಲಾವಿದನ ಸೊತ್ತು. ಟೇಪ್ ಅಪ್ಪನದಾದ ಮಾತ್ರಕ್ಕೆ ಮಾತು ನಿಮ್ಮದಾಗುವುದಿಲ್ಲ. ನಮ್ಮ ದೇಶದ ಕಾಯಿದೆಯಲ್ಲಿ ಪ್ರದರ್ಶನ ಕೊಟ್ಟ ಕಲಾವಿದನಿಗೆ 50 ವರ್ಷದ ಹಕ್ಕುಂಟು, ಪ್ರಕಟವಾದ ಧ್ವನಿಮುದ್ರಣಕ್ಕೆ 60 ವರ್ಷ. ಆದ್ದರಿಂದ ಈಗಲೇ ಒಂದನ್ನೂ ಇಂಟರ್‌ನೆಟ್ಟಿಗೆ ಏರಿಸಬೇಡ, ಯಾವ ಕಂಪೆನಿಗೂ ಕೊಡಬೇಡ, "ನಾವೇ ಡಿಜಿಟಲ್ ಮಾಡಿಕೊಡುತ್ತೇವೆ" ಎನ್ನುವವರ ಕಾಗದಕ್ಕೆ ಸಹಿಯನ್ನೂ ಹಾಕಬೇಡ.

ಬದಲಿಗೆ ಒಂದು ಪಟ್ಟಿ ಮಾಡು. ಕ್ಯಾಸೆಟ್ಟಿನ ನಂಬರ್, ಪ್ರಸಂಗ, ಪದ್ಯ ಯಾರದು, ಭಾಗವತರು, ಚೆಂಡೆ, ಮದ್ದಳೆ, ಯಾವ ಪಾತ್ರಕ್ಕೆ ಯಾರ ಅರ್ಥ, ನಡೆದ ಜಾಗ, ತಾರೀಕು, ರೆಕಾರ್ಡ್ ಮಾಡಿದವರು. ಒಂದೊಂದಕ್ಕೆ ಒಂದೊಂದು ಕಾಲಂ. ಕಲಾವಿದರ ಹೆಸರನ್ನು ಕನ್ನಡದಲ್ಲೂ ಇಂಗ್ಲಿಷಿನಲ್ಲೂ ಬರೆ, ಇಂಗ್ಲಿಷ್ ಕಾಗುಣಿತ ಎಲ್ಲ ಕಡೆ ಒಂದೇ ರೀತಿ ಇರಲಿ. ಕೊನೆಯ ಕಾಲಮ್ಮಿನಲ್ಲಿ, ಕಲಾವಿದರು ಅಥವಾ ಅವರ ಮನೆಯವರು ಈಗ ಎಲ್ಲಿದ್ದಾರೆ, ಒಪ್ಪಿಗೆ ಕೇಳಿ ಆಯಿತೇ ಎಂದು ನಮೂದಿಸು. ಊರಿಗೆ ಹೋದಾಗ ಅಪ್ಪನ ಜೊತೆ ಆ ಮನೆಗಳಿಗೆ ಹೋಗಿ ಒಪ್ಪಿಗೆಯನ್ನು ಬರವಣಿಗೆಯಲ್ಲೇ ತಾ, ದುಡ್ಡು ಬಂದರೆ ಅವರ ಪಾಲೆಷ್ಟು ಎಂಬುದೂ ಅದರಲ್ಲೇ ಇರಲಿ. ಮನೆಯ ಸಂಗ್ರಹಕ್ಕೆ ಪಟ್ಟಿ ಬರೆಯುವುದು ಉದ್ಯೋಗವಲ್ಲ, ವೀಸಾದ ತೊಡಕಿಲ್ಲ. ನಾಳೆ ಪರವಾನಗಿ ಬಂದು ಇಂಟರ್‌ವ್ಯೂಗೆ ಹೋದಾಗ, ರಾಯಲ್ಟಿ ವಿಭಾಗದವರಿಗೆ ತೋರಿಸಲು ಇದಕ್ಕಿಂತ ಒಳ್ಳೆಯ ಕೆಲಸ ಬೇಡ.

ಮೊದಲ ಹತ್ತು ಕ್ಯಾಸೆಟ್ಟಿನದ್ದು ಆದ ಕೂಡಲೇ ನನಗೆ ಕಳಿಸು, ಕಾಲಂ ಏನಾದರೂ ಬಿಟ್ಟುಹೋಗಿದ್ದರೆ ಹೇಳುತ್ತೇನೆ.

ನಿನ್ನ,
ಪೆರ್ಲದ ಅಕ್ಕ