ಸಾಗರದ ಹತ್ತಿರ ನಮ್ಮ ಮಾವನವರ ನ್ಯಾಯಬೆಲೆ ಅಂಗಡಿಯ ಪರವಾನಗಿ ರದ್ದಾಗಿದೆ. ನೇರ ಹೈಕೋರ್ಟಿಗೆ ಹೋಗಬಹುದೇ?

ಹೋಗಬಹುದು, ಸಂವಿಧಾನದ 226ನೇ ವಿಧಿಯಡಿ ರಿಟ್, ಅಂದರೆ ಸರ್ಕಾರಿ ಆದೇಶ ಪ್ರಶ್ನಿಸುವ ಅರ್ಜಿ, ಹಾಕಿ. ಆದರೆ ‘ಮೊದಲು ಮೇಲ್ಮನವಿ ಮುಗಿಸಿ ಬನ್ನಿ’ ಅಂತ ವಾಪಸ್ ಕಳಿಸುವುದೇ ಹೆಚ್ಚು. ನೋಟಿಸನ್ನೇ ಕೊಡದೆ ರದ್ದು ಮಾಡಿದ್ದರೆ ಮಾತು ಬೇರೆ.

ಕೋರ್ಟು ಅಕ್ಕಿ ಮೂಟೆ ಎಣಿಸಲು ಕೂರುವುದಿಲ್ಲ. ನೋಟಿಸಿನಲ್ಲಿ ಆರೋಪ ಸ್ಪಷ್ಟವಿತ್ತೇ, ತಪಾಸಣೆಯ ಮಹಜರಿನ ಪ್ರತಿ ಕೊಟ್ಟರೇ, ಆದೇಶದಲ್ಲಿ ಕಾರಣ ಬರೆದಿದೆಯೇ ಅಂತ ನೋಡುತ್ತದೆ. ‘ಸಮಜಾಯಿಷಿ ತೃಪ್ತಿಕರವಾಗಿಲ್ಲ’ ಎಂಬ ಒಂದೇ ಸಾಲಿನ ಆದೇಶ ಅಲ್ಲಿ ನಿಲ್ಲುವುದು ಕಷ್ಟ. ಗೆದ್ದರೂ ಬಹಳ ಸಲ ಮರುವಿಚಾರಣೆಗೆ ರದ್ದು ಮಾಡಿದ ಅದೇ ಕಚೇರಿಗೆ ಬರುತ್ತದೆ, ಅಷ್ಟೆ.

ಆಷಾಢದ ಮಳೆಗೆ ಸಿಗ್ನಲ್ ಹೋಗಿ ಕಾರ್ಡುದಾರರ ಬೆರಳ ಗುರುತು ಪಡೆಯುವ ಯಂತ್ರ ಕೈಕೊಟ್ಟದ್ದೇ ದಾಸ್ತಾನು ವ್ಯತ್ಯಾಸಕ್ಕೆ ಕಾರಣವಾದರೆ, ಆ ದಿನಗಳ ರಿಜಿಸ್ಟರ್ ಪುಟಗಳನ್ನು ಮೇಲ್ಮನವಿಗೇ ಲಗತ್ತಿಸಿ. ರಿಟ್‌ನಲ್ಲಿ ಹೊಸದಾಗಿ ಹೇಳಿದರೆ ಕೇಳುವವರು ಕಡಿಮೆ. ಹೈಕೋರ್ಟಿನಲ್ಲಿ ನಿಮಗೆ ಬೆಂಗಳೂರು ಪೀಠ. ಪಕ್ಕದ ಸಿದ್ದಾಪುರದವರಾದರೆ ಧಾರವಾಡ.