ಅಜ್ಜಿಯ ಪಾಡ್ದನಕ್ಕೆ ಕ್ಯಾಮೆರಾ ಹಿಡಿಯಲೇ?

ಪ್ರಶ್ನೆ: ನನಗೆ 23 ವರ್ಷ, ಊರು ಕೇರಳದ ಕಾಸರಗೋಡು ಜಿಲ್ಲೆಯ ಬದಿಯಡ್ಕದ ಹತ್ತಿರ. ದಕ್ಷಿಣ ಆಫ್ರಿಕಾದ ಹೋರಾಟದ ಹಾಡುಗಳ ಬಗ್ಗೆ ಇರುವ 'ಅಮಾಂಡ್ಲಾ!' ಸಾಕ್ಷ್ಯಚಿತ್ರ ನೋಡಿದೆ. ನನ್ನಜ್ಜಿ ನೇಜಿ (ಭತ್ತದ ಸಸಿ) ನೆಡುವಾಗ ಹೇಳುತ್ತಿದ್ದ ಪಾಡ್ದನಗಳ (ತುಳು ಕಥನ ಹಾಡುಗಳ) ಮೇಲೆ ಹೀಗೇ ಒಂದು ಚಿತ್ರ ಮಾಡುವ ಆಸೆ. ಇದನ್ನೇ ನಂಬಿ ಬದುಕಬಹುದಾ? ಹಾಡಿನಿಂದ ಏನಾದರೂ ಬದಲಾಗುತ್ತದಾ?

ಉತ್ತರ: ಖಂಡಿತ ಮಾಡಿ, ಆದರೆ ಆತುರ ಬೇಡ. ಆ ಚಿತ್ರದ ನಿರ್ದೇಶಕ ಲೀ ಹರ್ಶ್ ಅಮೆರಿಕದವರು. ಹೆಚ್ಚುಕಡಿಮೆ ನಿಮ್ಮ ವಯಸ್ಸಿನಲ್ಲೇ ಕೆಲಸ ಶುರು ಮಾಡಿದರು. 2002ರಲ್ಲಿ ಸನ್‌ಡ್ಯಾನ್ಸ್ ಚಿತ್ರೋತ್ಸವದಲ್ಲಿ ಪ್ರಶಸ್ತಿ ಬರುವ ಹೊತ್ತಿಗೆ ಸುಮಾರು ಒಂಬತ್ತು ವರ್ಷ ಕಳೆದಿತ್ತು.

ಶುರುವಿನಲ್ಲೇ ಒಂದು ಗೋರಿ ಅಗೆಯುತ್ತಾರೆ, ನೆನಪಿದೆ ಅಲ್ವಾ? ಅದು ವುಯಿಸಿಲೆ ಮಿನಿ ಅವರದು. ಕಾರ್ಮಿಕ ನಾಯಕ, ಹಾಡು ಕಟ್ಟುತ್ತಿದ್ದವರು. ದಕ್ಷಿಣ ಆಫ್ರಿಕಾದ ಆಗಿನ ಬಿಳಿಯ ಪ್ರಧಾನಿ ಫರ್ವೂರ್ಡ್‌ಗೆ 'ಹುಷಾರು, ಕರಿಯರು ಬರ್ತಿದ್ದಾರೆ' ಎಂದು ಅವರು ಕಟ್ಟಿದ ಹಾಡಿನ ಧಾಟಿ ಕೇಳಿದರೆ ಕುಣಿಯಬೇಕು ಅನ್ನಿಸುತ್ತದೆ, ಮಾತು ಮಾತ್ರ ನೇರ ಬೆದರಿಕೆ. 1964ರಲ್ಲಿ ಪ್ರಿಟೋರಿಯಾದಲ್ಲಿ ಅವರನ್ನು ಗಲ್ಲಿಗೇರಿಸಿ ಗುಟ್ಟಾಗಿ ಹೂತರು. 1998ರಲ್ಲಿ ಮೂಳೆಗಳನ್ನು ತೆಗೆದು, ಅವರು ದುಡಿದ ಪೋರ್ಟ್ ಎಲಿಜಬೆತ್‌ನಲ್ಲಿ ಮರ್ಯಾದೆಯಿಂದ ಮಣ್ಣು ಮಾಡಿದರು. ಹಾಡಿನ ಹಿಂದಿನ ಮನುಷ್ಯನನ್ನು ಹುಡುಕಿದ್ದಕ್ಕೇ ಆ ಚಿತ್ರ ನಿಮ್ಮನ್ನು ತಟ್ಟಿದ್ದು ಅಂತ ನನಗನ್ನಿಸುತ್ತದೆ.

ವರ್ಣಭೇದ ಹಾಡಿನಿಂದಷ್ಟೇ ಹೋಗಲಿಲ್ಲ. ಮುಷ್ಕರ, ಜೈಲು, ಹೊರದೇಶಗಳ ಬಹಿಷ್ಕಾರ ಎಲ್ಲ ಬೇಕಾಯಿತು. ಆದರೆ ಜೈಲಿನಲ್ಲಿ, ಮೆರವಣಿಗೆಯಲ್ಲಿ, ಸಾವಿನ ಮನೆಯಲ್ಲಿ ಜನ ಒಬ್ಬರಿಗೊಬ್ಬರು ಧೈರ್ಯ ಕೊಟ್ಟಿದ್ದು ಹಾಡಿನಲ್ಲೇ.

ಹೊಟ್ಟೆಪಾಡಿನ ಮಾತು: ಇದನ್ನೊಂದನ್ನೇ ನಂಬಬೇಡಿ. ಮದುವೆ ವೀಡಿಯೋ ಕೆಲಸವಾದರೂ ಸರಿ, ಕೈಯಲ್ಲಿ ಒಂದಿರಲಿ.

ಇನ್ನು ನಿಮ್ಮಜ್ಜಿ. ಅವರನ್ನು ಕುರ್ಚಿಯಲ್ಲಿ ಕೂರಿಸಿ ಸುಮ್ನೆ 'ಒಂದು ಪಾಡ್ದನ ಹೇಳಿ' ಅನ್ನಬೇಡಿ. ಅದು ಯಾರ ಗದ್ದೆ, ಕೂಲಿಗೆ ಎಷ್ಟು ಸೇರು ಕೊಡುತ್ತಿದ್ದರು, ಯಾರು ಮೊದಲು ಹಾಡು ಎತ್ತಿಕೊಳ್ಳುತ್ತಿದ್ದರು, ಧಣಿ ಕಟ್ಟಹುಣಿಯಲ್ಲಿ (ಗದ್ದೆಯ ಬದುವಿನಲ್ಲಿ) ನಿಂತಾಗ ಹಾಡು ಬದಲಾಗುತ್ತಿತ್ತಾ, ಇದೆಲ್ಲ ಕೇಳಿ. ಕೇರಳದಲ್ಲಿ 1970ರ ಜನವರಿ 1ಕ್ಕೆ ಗೇಣಿ ಪದ್ಧತಿ ಹೋಯಿತು. ಆಗ ಆ ಗದ್ದೆ ಯಾರದಾಯಿತು? ಆಮೇಲೆ ನಮ್ಮ ಕಡೆ ಎಷ್ಟೋ ಗದ್ದೆಗಳು ಅಡಿಕೆ ತೋಟವಾದವು, ತೋಟದಲ್ಲಿ ನೇಜಿ ಇಲ್ಲ, ಸಾಲಾಗಿ ಬಗ್ಗಿ ನಿಂತ ಹೆಂಗಸರಿಲ್ಲ, ಹಾಗಾದರೆ ಆ ಹಾಡು ಎಲ್ಲಿ ಹೋಯಿತು? ನಿಮ್ಮ ಚಿತ್ರ ಇರುವುದು ಇಲ್ಲೇ. ಮತ್ತೆ, ತುಳು ತುಳುವಾಗಿಯೇ ಇರಲಿ. ಕನ್ನಡ, ಮಲಯಾಳ ಸಾಲು ಕೆಳಗೆ ಬರಲಿ.

ಒಳ್ಳೆ ಕ್ಯಾಮೆರಾ ಸಿಗಲಿ ಅಂತ ಕಾಯಬೇಡಿ. ಫೋನಿನಲ್ಲಾದರೂ ಸರಿ, ಈ ಆಟಿ ತಿಂಗಳಲ್ಲೇ (ಜುಲೈ-ಆಗಸ್ಟ್ ಹೊತ್ತಿನ ತುಳು ತಿಂಗಳು) ಅಜ್ಜಿಯ ದನಿ ಹಿಡಿದಿಡಿ.